ಅರವತ್ತೊಂದನೇ ಮನೆ

"ನಿಮ್ಮ ತಂದೆ ಇಲ್ಲಿಗೆ ಮೊದಲು ಬಂದಿದ್ದರೇ?"

ನಮ್ಮ ಗೈಡ್ ಕ್ಯಾಲಮ್ ಕೇಳಿದ ಪ್ರಶ್ನೆ ಇದು. ಸ್ಕಾಟ್ಲೆಂಡಿನ ಒಂದು ಗುಡ್ಡದ ಮಗ್ಗುಲಲ್ಲಿ, ಮಧ್ಯಾಹ್ನ ಎರಡು ಗಂಟೆಗೆ, ಹತ್ತು ಹೆಜ್ಜೆ ಆಚೆಗಿನದು ಕಾಣದಂಥ ಮಂಜಿನಲ್ಲಿ ನಿಂತು, ದನಿ ತಗ್ಗಿಸಿ ಕೇಳಿದ.

"ಇಲ್ಲವಲ್ಲ. ಅಪ್ಪ ಈ ದೇಶಕ್ಕೆ ಕಾಲಿಟ್ಟು ಇನ್ನೂ ಒಂದು ದಿನ ಆಗಿಲ್ಲ" ಎಂದೆ.

"ಮತ್ತೆ ಒಂದೊಂದು ಮನೆಯ ಮುಂದೆಯೂ ನಿಂತು ಏನು ಹೇಳುತ್ತಿದ್ದಾರೆ?"

ಕಿವಿಗೊಟ್ಟೆ. ಮನೆ ಎಂದರೆ ಮನೆಯಲ್ಲ. ಸೊಂಟದೆತ್ತರದ ಕಲ್ಲಿನ ಗೋಡೆಗಳು. ಛಾವಣಿ ಹೋಗಿ ಕಾಲವಾಗಿದೆ, ಒಳಗೆಲ್ಲ ಹುಲ್ಲು. ಅಪ್ಪ ಅಂಥ ಒಂದು ಗೋಡೆಗೆ ಕೊಡೆಯ ತುದಿ ತೋರಿಸಿ ಹೇಳಿದರು: "ಐವತ್ನಾಕು. ಕುಂಬಾರ ಈರವ್ವ. ಖಾಲಿ." ಮುಂದಿನ ಗೋಡೆ. "ಐವತ್ತೈದು. ಸಣ್ಣ ಯಮನಪ್ಪ. ಖಾಲಿ."

"ಆ ಮನೆಗಳಲ್ಲಿ ಯಾರಿದ್ದರು ಅಂತ ಹೇಳುತ್ತಿದ್ದಾರೆ" ಎಂದೆ.

ಹಾಗೆ ಹೇಳಬಾರದಿತ್ತು. ಕ್ಯಾಲಮ್ ತಲೆಯ ಮೇಲಿನ ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡ.

ಮೊದಲಿನಿಂದ ಹೇಳುತ್ತೇನೆ. (ಇದಕ್ಕೆ ಮೊದಲು ಎನ್ನುವುದೊಂದು ಇದೆಯೋ ಇಲ್ಲವೋ ನನಗೆ ಗೊತ್ತಿಲ್ಲ. ಅಂಕಣ ಬರೆಯುವವರಿಗೆ ಒಂದು ಬೇಕಾಗುತ್ತದೆ, ಅಷ್ಟೇ.)

ಈ ಬೇಸಿಗೆಯಲ್ಲಿ ನಾನೂ ಮಗಳು ಅನಿಕಾಳೂ ಊರಿಗೆ ಹೋಗಿ ಅಪ್ಪನನ್ನು ಸ್ಯಾನ್ ಫ್ರಾನ್ಸಿಸ್ಕೋ ಹತ್ತಿರದ ನಮ್ಮ ಸನ್ನಿವೇಲಿಗೆ ಕರೆದುಕೊಂಡು ಬಂದೆವು. ಅಪ್ಪನಿಗೆ ಎಂಬತ್ತೆರಡು. ನೀರಾವರಿ ಇಲಾಖೆಯಲ್ಲಿದ್ದು ನಿವೃತ್ತರಾದವರು. ಒಂದೇ ಸಮನೆ ಅಷ್ಟು ಹೊತ್ತು ವಿಮಾನದಲ್ಲಿ ಕೂರಿಸಬೇಡಿ ಎಂದು ಡಾಕ್ಟರು ಹೇಳಿದ್ದರಿಂದ ದಾರಿಯಲ್ಲಿ ಎಡಿನ್‌ಬರೋದಲ್ಲಿ ಎರಡು ದಿನ ಇಳಿದೆವು. ನಮ್ಮ ಬೇ ಏರಿಯಾದ ಜನಕ್ಕೆ ಸುಮ್ಮನೆ ಇಳಿಯುವುದು ಗೊತ್ತೇ? ಇಳಿದ ಮೇಲೆ ಏನಾದರೂ ನೋಡಬೇಕು. ನೋಡಿದ್ದನ್ನು ಬಂದು ಹೇಳಬೇಕು. ಬಸ್ ಟೂರು ಅಪ್ಪನ ಮಂಡಿಗೆ ಆಗದು. ಹಾಗಾಗಿ ಪ್ರೈವೇಟ್ ಟೂರು: ನಮಗೇ ಒಂದು ಕಾರು, ನಮಗೇ ಒಬ್ಬ ಗೈಡು, ಒಂದಿಡೀ ದಿನ.

ಬುಕಿಂಗ್ ಫಾರ್ಮಿನಲ್ಲಿ ನಿಮ್ಮ ಆಸಕ್ತಿಗಳೇನು ಎಂದು ಕೇಳಿದ್ದರು. ನಾನು ಇತಿಹಾಸ, ಪ್ರಕೃತಿ ಎಂದು ಬರೆದೆ. ಹದಿನೈದರ ಅನಿಕಾ ಉದ್ದ ಕೂದಲಿನ ದನಗಳನ್ನು ಸೇರಿಸಿದಳು. ಅಪ್ಪ ಆರಾಮ ಕುರ್ಚಿಯಿಂದಲೇ ಕೂಗಿದರು: "ಅಲ್ಲಿ ಡ್ಯಾಮ್ ಅದಾವೇನು, ಕೇಳು."

ಅದನ್ನೂ ಬರೆದೆ.

ಬೆಳಿಗ್ಗೆ ಕೋಟೆ ನೋಡಿದೆವು. ಅರವತ್ತು ದಾಟಿದ ಕ್ಯಾಲಮ್ ಮೇಷ್ಟರಾಗಿದ್ದವನು. ರಾಜರು, ರಾಣಿಯರು, ಕೊಲೆಗಳು, ಎಲ್ಲವನ್ನೂ ತನ್ನ ಬೀದಿಯಲ್ಲಿ ನಿನ್ನೆ ನಡೆದ ಜಗಳದಂತೆ ಹೇಳುತ್ತಿದ್ದ. ಅಪ್ಪನಿಗೆ ಹಿಡಿಸಲಿಲ್ಲ. "ನಮ್ಮ ಗೋಳಗುಮ್ಮಟದ ಮುಂದ ಇದು ಹಿತ್ತಲ ಗ್ವಾಡಿ" ಎಂದರು. ಆಮೇಲೆ ಸರೋವರ. ಆಮೇಲೆ ಡ್ಯಾಮು. ಅಲ್ಲಿ ಅಪ್ಪನ ಬೆನ್ನು ನೆಟ್ಟಗಾಯಿತು. ಗೇಟು ಎಷ್ಟು, ಎತ್ತರ ಎಷ್ಟು, ಮುಳುಗಿದ ಜಮೀನೆಷ್ಟು? ನಾನು ತರ್ಜುಮೆ ಮಾಡುತ್ತ ಸುಸ್ತಾದೆ. ಕೊನೆಯ ಪ್ರಶ್ನೆಗೆ ಕ್ಯಾಲಮ್‌ನ ಬಳಿ ಉತ್ತರವಿರಲಿಲ್ಲ.

ಊಟ ಮುಗಿಸಿ ಕಾರು ಹತ್ತುವಾಗ ಅವನು ಹೇಳಿದ: "ಪಟ್ಟಿಯಲ್ಲಿಲ್ಲದ ಒಂದು ಜಾಗ ತೋರಿಸಲೇ? ನನ್ನ ಅಜ್ಜಿಯ ಕಡೆಯವರ ಊರು. ಈಗ ಅಲ್ಲಿ ಯಾರೂ ಇಲ್ಲ."

ಬೇಡ ಎನ್ನುವವರು ಯಾರು? ಪಟ್ಟಿಯಲ್ಲಿಲ್ಲದ ಜಾಗ ಸಿಗಲಿ ಎಂದೇ ಅಲ್ಲವೇ ಪ್ರೈವೇಟ್ ಟೂರು!

ಕಾರು ನಿಲ್ಲಿಸಿ ಕಾಲು ಮೈಲಿ ನಡೆದೆವು. ಆಗಲೇ ಮಂಜು ಇಳಿದದ್ದು. ಸ್ಯಾನ್ ಫ್ರಾನ್ಸಿಸ್ಕೋದ ಮಂಜು ನೋಡಿದವಳು ನಾನು; ಅದು ಸಮುದ್ರದಿಂದ ಎದ್ದು ಬರುವುದು ಕಾಣುತ್ತದೆ. ಇದು ಬರಲಿಲ್ಲ. ಇತ್ತು.

ಗುಡ್ಡದ ಇಳಿಜಾರಿನಲ್ಲಿ ಸಾಲಾಗಿ ಗೋಡೆಗಳು. ಕ್ಯಾಲಮ್ ಕಥೆ ಹೇಳಿದ. ಹಿಂದೆ ಈ ಸೀಮೆಯ ಜಮೀನ್ದಾರನಿಗೆ ಜನರಿಗಿಂತ ಕುರಿ ಸಾಕುವುದೇ ಲಾಭ ಎನಿಸಿತಂತೆ. ಇಡೀ ಊರನ್ನು ಎಬ್ಬಿಸಿದರು. ಕೆಲವರು ಹೋಗುವಾಗ ಛಾವಣಿಯ ತೊಲೆಗಳನ್ನೂ ಬಿಚ್ಚಿಕೊಂಡು ಹೊತ್ತುಕೊಂಡು ಹೋದರು. ಮರ ಸಿಗದ ನಾಡು ನೋಡಿ.

ತರ್ಜುಮೆ ಮಾಡಿದೆ. ಅಪ್ಪ ಒಂದೇ ಪ್ರಶ್ನೆ ಕೇಳಿದರು. "ಬಾಗಲಾ? ಬಾಗಲಾನೂ ಒಯ್ದ್ರೇನು?"

"ಬಾಗಿಲನ್ನೂ ಒಯ್ದರು" ಎಂದ ಕ್ಯಾಲಮ್. ಆಮೇಲೆ, ಒಂದು ಕೋರಿಕೆ ಎಂಬಂತೆ, "ಒಳಗೆ ಹೋಗುವುದಾದರೆ ಬಾಗಿಲಿದ್ದ ಜಾಗದಿಂದಲೇ ಹೋಗಿ. ಗೋಡೆ ಕುಸಿದ ಕಡೆಯಿಂದ ದಾಟಬೇಡಿ. ಅಜ್ಜಿ ಹಾಗೆ ಹೇಳುತ್ತಿದ್ದಳು" ಎಂದ.

ಅಪ್ಪ ಮೊದಲ ಗೋಡೆಯ ಹತ್ತಿರ ಹೋದರು. ಕೊಡೆ ಎತ್ತಿದರು. ಎಣಿಕೆ ಶುರುವಾಯಿತು.

ಕಲ್ಲಿನ ಗೋಡೆ, ಇಳಿಜಾರು, ಕಿತ್ತ ತೊಲೆ. ನನಗೆ ಅರ್ಥವಾಗಲು ಐದು ನಿಮಿಷ ಬೇಕಾಯಿತು. ಇಪ್ಪತ್ತಾರನೇ ವಯಸ್ಸಿನಲ್ಲಿ ಅಪ್ಪನ ಕೆಲಸ ಇದೇ ಆಗಿತ್ತು. ಅಣೆಕಟ್ಟಿನ ನೀರಿಗೆ ಮುಳುಗಲಿದ್ದ ಊರುಗಳಲ್ಲಿ, ಜನ ಹೊರಟ ಮೇಲೆ, ಕೊನೆಯ ಸುತ್ತಿನ ತಪಾಸಣೆ. ಪ್ರತಿ ಮನೆಯ ಮೇಲೂ ಡಾಂಬರಿನಲ್ಲಿ ನಂಬರು ಬರೆದಿರುತ್ತಿತ್ತು. ಅದರ ಮುಂದೆ ನಿಂತು ಮೂರು ಸಲ ಕೂಗಬೇಕು. ಉತ್ತರ ಬರದಿದ್ದರೆ ನಂಬರಿನ ಕೆಳಗೆ ಕೆಂಪು ಬಣ್ಣದಲ್ಲಿ 'ಖಾಲಿ' ಎಂದು ಬರೆಯಬೇಕು. ಮೂರು ಸಲ ಎನ್ನುವುದು ನಿಯಮ. ಕಾಗದದ ಮೇಲೆ ಇತ್ತೋ ಇಲ್ಲವೋ, ಕೆಲಸ ಕಲಿಸಿದವರು ಹಾಗೇ ಕಲಿಸಿದ್ದರು.

"ಅರವತ್ತು. ಮಠದ ಅಜ್ಜಾರು. ಖಾಲಿ."

ಅದು ಸಾಲಿನ ಕೊನೆ. ಅದರಾಚೆ, ಸಾಲು ಬಿಟ್ಟು, ಒಂಟಿ ಮನೆಯೊಂದಿತ್ತು. ಅದರ ಗೋಡೆ ಆಳೆತ್ತರ ಉಳಿದಿತ್ತು. ಬಾಗಿಲಿದ್ದ ಜಾಗದ ಮೇಲೆ ಚಪ್ಪಡಿಯೂ ಇತ್ತು. ಅಪ್ಪ ಅದರ ಮುಂದೆ ನಿಂತರು. ಕೊಡೆ ಎತ್ತಲಿಲ್ಲ.

"ಇದು ಎಷ್ಟನೇದಪ್ಪಾ?"

"ಅರವತ್ತೊಂದು."

"ಯಾರ ಮನಿ?"

"ಗೊತ್ತಿಲ್ಲ, ಯವ್ವಾ. ಪಟ್ಟಿಯೊಳಗ ಅರವತ್ತೇ ಹೆಸರಿದ್ವು. ಗ್ವಾಡಿ ಮ್ಯಾಲ ಅರವತ್ತೊಂದು ನಂಬರ್."

ನಾನು ನಕ್ಕೆ. ಯಾಕೆಂದರೆ ಈ ಕಥೆ ನನಗೆ ಗೊತ್ತಿತ್ತು! ನಮ್ಮ ಮನೆಯಲ್ಲಿ ಇದು ನಗುವ ಕಥೆ. ಅಮ್ಮ ಇದ್ದಾಗ ಬಂದವರಿಗೆಲ್ಲ ಹೇಳುತ್ತಿದ್ದಳು. ಮುಳುಗುವ ಊರಿನ ಕೊನೆಯ ಮನೆಯಿಂದ ಒಂದು ನಾಯಿ ಬೊಗಳಿಕೊಂಡು ಹೊರಗೆ ಬಂತು, ಅಪ್ಪ ಬಣ್ಣದ ಡಬ್ಬಿ ಮೈಮೇಲೆ ಚೆಲ್ಲಿಕೊಂಡು ಜೀಪಿಗೆ ಓಡಿದರು, ಪ್ಯಾಂಟೆಲ್ಲ ಕೆಂಪು. ಆ ಪ್ಯಾಂಟನ್ನು ನಾನು ನೋಡಿದ್ದೇನೆ. ಹಿತ್ತಲ ತಂತಿಯ ಮೇಲೆ, ಎಡಗಾಲಿನ ತುಂಬ ಕಲೆ. ಸ್ಪಷ್ಟವಾಗಿ ನೆನಪಿದೆ. (ನಾನು ಹುಟ್ಟಿದ್ದು ಅದಾಗಿ ಐದು ವರ್ಷಕ್ಕೆ.)

"ನಾಯಿ ಮನಿ ಅಲ್ಲೇನಪ್ಪಾ ಇದು?" ಎಂದೆ.

"ನಾಯಿ ಇದ್ದಿಲ್ಲ, ಯವ್ವಾ" ಎಂದರು ಅಪ್ಪ. "ನಾಯಿ ಕತಿ ನಾ ನಿಮ್ಮವ್ವಗ ಹೇಳಿದ್ದು."

ಅಲ್ಲಿ ನಿಂತೇ ಹೇಳಿದರು. ನನ್ನ ಮುಖ ನೋಡಲಿಲ್ಲ, ಆ ಬಾಗಿಲಿನ ಖಾಲಿ ಜಾಗವನ್ನೇ ನೋಡುತ್ತಿದ್ದರು.

"ಎಲ್ಲಾ ಮನಿ ಬಾಗಲಾ ಕಿತಗೊಂಡು ಹೋಗಿದ್ರು. ಅದೊಂದ ಮನಿಗೆ ಬಾಗಲಾ ಇತ್ತು. ಮುಚ್ಚಿತ್ತು. ಹೊರಗ ಕೀಲಿ ಇದ್ದಿಲ್ಲ. ಎರಡ ಸಲ ಒದರಿದೆ. ಜೀಪಿನಂವ ಹಾರ್ನ್ ಹೊಡಿಲಿಕ್ಕೆ ಹತ್ತಿದ್ದ. ಮೂರನೇ ಸಲ ಒದರಲಾರದನ ಖಾಲಿ ಅಂತ ಬರದಬಿಟ್ಟೆ. ಬರದ ಮ್ಯಾಲ ಒಳಗ ಯಾರೋ ಕೆಮ್ಮಿದ ಸಪ್ಪಳ ಬಂತು."

"ಮತ್ತ?"

"ಮತ್ತೇನು. ಬಂದೆ."

"ಬಣ್ಣ ಹಸೀನ ಇತ್ತಲ್ಲಪ್ಪಾ. ಒರಸಬಹುದಿತ್ತಲ್ಲ."

"ಒರಸಿದ್ರ ಮರುದಿನ ಮತ್ತ ಬರಬೇಕಾಗ್ತಿತ್ತು. ಸಾಹೇಬ್ರು ಅವತ್ತ ಪಟ್ಟಿ ಕೇಳಿದ್ರು."

"ಆಮ್ಯಾಲರೆ ಯಾರಿಗಾರ ಹೇಳಿದ್ರೇನು?"

"ಇಲ್ಲ."

ಅಪ್ಪ ಕೊಡೆಯನ್ನು ಒಂದು ಕೈಯಿಂದ ಇನ್ನೊಂದಕ್ಕೆ ಬದಲಿಸಿದರು. "ನೀರು ಒಮ್ಮೆಲೇ ಬರೂದಿಲ್ಲ, ಯವ್ವಾ. ದಿನಕ್ಕ ಒಂದೊಂದ ಗೇಣು ಏರ್ತದ. ಕಂಡ ಕೂಡ್ಲೆ ಎದ್ದು ಹೋಗಿರ್ತಾರ."

ಆಮೇಲೆ ಸೇರಿಸಿದರು: "ಎದ್ದು ನಡಿಲಿಕ್ಕೆ ಬರ್ತಿದ್ದರ."

ಇಂಥ ಮಾತಿಗೆ ಮಗಳಾದವಳು ಏನು ಹೇಳಬೇಕು? ಅಷ್ಟರಲ್ಲಿ ಅಪ್ಪ ಚಪ್ಪಡಿಯ ಕೆಳಗಿನ ಕತ್ತಲಿಗೆ ಮುಖ ಮಾಡಿ ಗಂಟಲು ಎತ್ತಿ ಕೂಗಿದರು.

"ಮನ್ಯಾಗ ಯಾರದೀರಿ?"

"ಅಮ್ಮಾ, ವೈ ಈಸ್ ಅಜ್ಜ ಯೆಲ್ಲಿಂಗ್?" ಎಂದು ಹಿಂದಿನಿಂದ ಅನಿಕಾ ಕೇಳಿದಳು. ದನ ಹುಡುಕುತ್ತ ಫೋನು ಹಿಡಿದುಕೊಂಡೇ ಬರುತ್ತಿದ್ದಳು.

ಅಪ್ಪ ಮತ್ತೆ ಕೂಗಿದರು. ಮತ್ತೆ. ಮೂರನೇ ಕೂಗು ಮುಗಿದು, ಮಂಜು ಅದನ್ನು ನುಂಗಿ, ಎಲ್ಲ ನಿಶ್ಶಬ್ದವಾಯಿತು ಎನ್ನುವಾಗ ಗೋಡೆಯ ಒಳಗಿನಿಂದ ಯಾರೋ ಕೆಮ್ಮಿದರು.

ಒಣ ಕೆಮ್ಮು. ವಯಸ್ಸಾದವರದು. ಎರಡು ಸಲ.

ಕ್ಯಾಲಮ್ ಮಾತ್ರ ಸಮಾಧಾನದಿಂದಿದ್ದ. "ಕುರಿ" ಎಂದ. "ಕುರಿ ಕೆಮ್ಮಿದರೆ ಥೇಟ್ ಮನುಷ್ಯರ ಹಾಗೇ. ರಾತ್ರಿ ಡೇರೆ ಹಾಕಿದವರು ಹೆದರಿ ಓಡಿದ್ದಿದೆ."

ಒಳಗೆ ಹೋಗಿ ನೋಡಿದೆವೇ? ಇಲ್ಲ. ಕುರಿ ಎಂದ ಮೇಲೆ ನೋಡುವುದೇನಿದೆ? ಟೋಪಿಯನ್ನು ಮಾತ್ರ ಕ್ಯಾಲಮ್ ಕಾರು ಮುಟ್ಟುವವರೆಗೆ ತಲೆಗೆ ಹಾಕಲಿಲ್ಲ.

ಇಲ್ಲಿಗೆ ಬಂದ ಮೇಲೆ ಇದನ್ನು ಮೂವರಿಗೆ ಹೇಳಿದೆ. ಮೊದಲು ಗಂಡ ಗಿರೀಶನಿಗೆ. ಆಮೇಲೆ ಕ್ಯುಪರ್ಟಿನೋದ ಗೆಳತಿಯ ಮನೆಯಲ್ಲಿ ಚಹಾ ಕುಡಿಯುತ್ತ. ಆಮೇಲೆ ಫೋನಿನಲ್ಲಿ ಅಣ್ಣನಿಗೆ. ಮೂರು ಕೂಗು, ಆಮೇಲೆ ಕೆಮ್ಮು, ಆಮೇಲೆ ಕುರಿ. ಎಷ್ಟು ಚೆನ್ನಾಗಿ ಕೂತಿತ್ತು ಕಥೆ! ಅಣ್ಣನಿಗೆ ಹೇಳುವಾಗ ಗೋಡೆಯ ಮೇಲೆ ಒಂದು ಕಾಗೆಯೂ ಬಂದು ಕೂತಿತು. (ಸ್ಕಾಟ್ಲೆಂಡಿನಲ್ಲಿ ನಾನು ಒಂದು ಕಾಗೆಯನ್ನೂ ನೋಡಿಲ್ಲ.)

ಅಪ್ಪ ಮಾತ್ರ ಆ ದಿನದ ಬಗ್ಗೆ ತುಟಿ ಬಿಚ್ಚಲಿಲ್ಲ. ಬೆಳಿಗ್ಗೆ ವಾಕಿಂಗ್ ಹೋಗುತ್ತಿದ್ದರು, ಬರುತ್ತಿದ್ದರು. ಎರಡನೇ ವಾರ ನಮ್ಮ ಅಪಾರ್ಟ್‌ಮೆಂಟಿನ ಆಫೀಸಿನಿಂದ ಈಮೇಲ್ ಬಂತು. ಬಹಳ ನಯವಾದ ಭಾಷೆ. ನಿಮ್ಮ ಮನೆಯ ಹಿರಿಯರು ಆರೋಗ್ಯವಾಗಿದ್ದಾರೆಯೇ?

ಕೆಳಗಿನ ಮನೆಯಾಕೆ ತನ್ನ ಡೋರ್‌ಬೆಲ್ ಕ್ಯಾಮೆರಾದ ಕ್ಲಿಪ್ ತೋರಿಸಿದಳು. ಬೆಳಗಿನ ಬಿಸಿಲು. ಸ್ವೆಟರು, ಬಿಳಿ ಶೂಸು, ನಮ್ಮಪ್ಪ. ಬೆಲ್ ಒತ್ತುವುದಿಲ್ಲ. ಬಾಗಿಲಿಗೆ ಮುಖ ಮಾಡಿ ನಿಂತಿದ್ದಾರೆ. ಬಾಯಿ ಆಡುತ್ತದೆ. ಕಾಯುತ್ತಾರೆ. ಮತ್ತೆ ಬಾಯಿ ಆಡುತ್ತದೆ. ಕಾಯುತ್ತಾರೆ. ಹೋಗುತ್ತಾರೆ. ಪಕ್ಕದ ಬಾಗಿಲಲ್ಲೂ ಹಾಗೇ. ಅದರಾಚೆಯ ಬಾಗಿಲಲ್ಲೂ. ಎಲ್ಲ ಕಡೆ ಎರಡೇ ಸಲ.

ಸಂಜೆ ಕೇಳಿದೆ. "ಯಾಕಪ್ಪಾ, ಮಂದಿ ಬಾಗಲಾ ಮುಂದ ಹೋಗಿ ನಿಂದರ್ತೀರಿ?"

"ಇಲ್ಲೆ ಎಲ್ಲಾ ಬಾಗಲಾ ಮುಚ್ಚೇ ಇರ್ತಾವಲ್ಲವಾ" ಎಂದರು. "ಒಳಗ ಅದಾರೋ ಇಲ್ಲೋ, ಹೆಂಗ ಗೊತ್ತಾಗಬೇಕು?"

ಗೊತ್ತಾಗುವುದಿಲ್ಲ. ಅದೇ ತಾನೇ ನಮ್ಮ ಸನ್ನಿವೇಲಿನ ಮರ್ಯಾದೆ? ಮೆಸೇಜ್ ಮಾಡದೆ ಯಾರೂ ಯಾರ ಮನೆಗೂ ಹೋಗುವುದಿಲ್ಲ. ಪಾರ್ಸೆಲ್ ತಂದವನು ಫೋಟೋ ಹೊಡೆದು ಓಡುತ್ತಾನೆ. ನನ್ನ ಪಕ್ಕದ ಬಾಗಿಲಿನ ಹಿಂದೆ ಯಾರಿದ್ದಾರೆ? ನಾಲ್ಕು ವರ್ಷವಾಯಿತು, ನನಗೆ ಗೊತ್ತಿಲ್ಲ. ದೀಪ ಹತ್ತುತ್ತದೆ, ಆರುತ್ತದೆ. ಅಷ್ಟು ಗೊತ್ತಿದೆ.

ಅವತ್ತು ರೂಮಿನಲ್ಲಿದ್ದ ಅನಿಕಾಳನ್ನು ಕೇಳಿದೆ. "ಆ ಹಿಲ್ ಮೇಲೆ ಅಜ್ಜ ಕೂಗಿದ್ರಲ್ಲ, ನೀನು ರೆಕಾರ್ಡ್ ಮಾಡಿದ್ಯಾ?"

"ಮೇ ಬಿ. ದನ ಸಿಗ್ಲಿಲ್ಲ ಅಂತ ಡಿಲೀಟ್ ಮಾಡ್ಬೇಕಿತ್ತು" ಎಂದಳು. ಮಾಡಿರಲಿಲ್ಲ. ನನಗೆ ಕಳಿಸಿದಳು.

ನೋಡಿದೆ.

ಮಂಜು. ಅಪ್ಪನ ಬೆನ್ನು. ಅಪ್ಪ ಕೂಗುತ್ತಾರೆ. ಅನಿಕಾಳ ಪ್ರಶ್ನೆ. ಅಪ್ಪ ಎರಡನೇ ಸಲ ಕೂಗುತ್ತಾರೆ. ಆಗ ಕೆಮ್ಮು ಬರುತ್ತದೆ. ಅಪ್ಪ ತಿರುಗುತ್ತಾರೆ. ಕ್ಯಾಮೆರಾದ ಕಡೆಗೇ ನಡೆದು ಬರುತ್ತಾರೆ, ಅದರ ಪಕ್ಕದಿಂದ ದಾಟಿ ಕಾರಿನ ದಾರಿ ಹಿಡಿಯುತ್ತಾರೆ. ಮುಖದ ಮೇಲೆ ಏನೂ ಇಲ್ಲ. ಪರದೆಯ ತುಂಬ ಈಗ ಬಾಗಿಲಿಲ್ಲದ ಬಾಗಿಲು ಮಾತ್ರ. ಆಗ ಒಬ್ಬ ಹೆಂಗಸು ಕೂಗುತ್ತಾಳೆ. ಕೀರಲು ದನಿ, ಅವಸರದ್ದು. "ಮನ್ಯಾಗ ಯಾರದೀರಿ?"

ಯಾರಿವಳು ಎಂದುಕೊಂಡೆ. ನಾನು.

ಆಮೇಲೆ ಏನೂ ಇಲ್ಲ. ಗಾಳಿ. ವಿಡಿಯೋ ಮುಗಿಯುತ್ತದೆ.

ನಾನು ಕೂಗಿದ ನೆನಪು ನನಗಿಲ್ಲ. ಇವತ್ತಿಗೂ ಇಲ್ಲ. ಕೆಮ್ಮು ಕೇಳಿದ ಅಪ್ಪ ಬೆನ್ನು ತಿರುಗಿಸಿ ಹೊರಟದ್ದೂ ನೆನಪಿಲ್ಲ. ಮೂರನೇ ಕೂಗನ್ನು ನಾನೇ ಎತ್ತಿ ಅವರ ಬಾಯಿಗೆ ಹಾಕಿ, ಊರೆಲ್ಲ ಹೇಳಿಕೊಂಡು ಬಂದಿದ್ದೆ. ಅಮ್ಮ ನಾಯಿಯನ್ನು ಸಾಕಿದ ಹಾಗೆ.

ಅನಿಕಾ ಹೆಗಲ ಮೇಲಿಂದ ಬಗ್ಗಿ ನೋಡುತ್ತಿದ್ದಳು. "ಅಮ್ಮಾ, ಕಾಫ್ ಮಾಡಿದ್ದು ಅಜ್ಜನೇ ಇರಬಹುದಲ್ವಾ? ಲುಕ್ ಅಟ್ ಹಿಸ್ ಶೋಲ್ಡರ್ಸ್" ಎಂದಳು.

ಹೌದಲ್ಲ! ಅಪ್ಪ ಕೂಗಿ ಕೂಗಿ ತಾವೇ ಕೆಮ್ಮಿದ್ದರೆ? ಅವತ್ತೂ, ಆ ಊರಿನಲ್ಲೂ, ಬಣ್ಣದ ಘಾಟಿಗೆ ತಾವೇ ಕೆಮ್ಮಿ, ಅದು ಕಲ್ಲಿನ ಗೋಡೆಗೆ ಬಡಿದು ವಾಪಸು ಬಂದಿದ್ದರೆ? ಅರವತ್ತೊಂದು ನಿಜವಾಗಿಯೂ ಖಾಲಿ ಇದ್ದಿದ್ದರೆ?

ಹತ್ತು ಸಲ ನೋಡಿದೆವು. ಸೌಂಡ್ ಇಟ್ಟು ನೋಡಿದರೆ ಹೆಗಲು ಅಲುಗುತ್ತದೆ. ಸೌಂಡ್ ತೆಗೆದು ನೋಡಿದರೆ ಅಲುಗುವುದಿಲ್ಲ.

ಅಪ್ಪನಿಗೆ ತೋರಿಸಬೇಕೋ ಬೇಡವೋ? ಎರಡು ದಿನ ಯೋಚಿಸಿದೆ. ತೋರಿಸಿದೆ. ಕೆಮ್ಮಿದವರು ನೀವೇ ಇರಬೇಕು ನೋಡಿರಿ ಎಂದು ಹೇಳಲು ಬಾಯಿ ತೆರೆದಿದ್ದೆ. ಅಪ್ಪ ಕೈ ಎತ್ತಿ ತಡೆದರು. ಕೊನೆಯವರೆಗೂ ನೋಡಿದರು. ಕನ್ನಡಕ ತೆಗೆದರು.

"ಮೂರನೇ ಸಲ ಒದರಿದಾಕಿ ಯಾರು?"

"ನಾನಪ್ಪಾ."

"ಯಾರರೆ ಓ ಅಂದ್ರೇನು?"

"ಇಲ್ಲಪ್ಪಾ."

"ಅಲ್ಲೆ ಒದರಿದ್ರ ಹೆಂಗ ಅಂದಾರು. ಆ ಊರಾಗ ಒದರಬೇಕಿತ್ತು." ಕನ್ನಡಕ ಒರೆಸಿದರು. "ನೀ ಪೇಪರ್‌ದಾಗ ಬರೀತಿಯಲ್ಲ. ಬರಿ. ಆ ಊರವರು ಎಲ್ಲೆರೆ ಓದ್ತಿರ್ತಾರ."

"ನಿಮ್ಮ ಬಗ್ಗೆ ಮಂದಿ ಏನಂತಾರಪ್ಪಾ?"

"ಅನ್ನಲಿ. ಅದಕ್ಕ ಬರಿ ಅಂದಿದ್ದು."

ಬರೆಯುತ್ತಿದ್ದೇನೆ. ಊರಿನ ಹೆಸರು ಬರೆಯಲಾರೆ; ಅಪ್ಪ ಒಂದು ದಿನ ಒಂದು ಹೇಳುತ್ತಾರೆ, ಮರುದಿನ ಇನ್ನೊಂದು. ಎರಡೂ ಈಗ ನೀರಿನ ಅಡಿಯಲ್ಲಿವೆ. ಬೇವಿನ ಮರ ಬಾಗಿಲ ಎಡಕ್ಕಿತ್ತು, ಬಲಕ್ಕಿತ್ತು, ನಿನ್ನೆ ಇರಲೇ ಇಲ್ಲ. ದಿನ ಕಳೆದರೂ ಬದಲಾಗದ್ದು ಇಷ್ಟೇ. ಊರ ಕೊನೆಗೆ, ಸಾಲು ಬಿಟ್ಟು ಇದ್ದ ಒಂಟಿ ಮನೆ. ಮೇಲೆ ಡಾಂಬರಿನಲ್ಲಿ ಅರವತ್ತೊಂದು. ಕೆಳಗೆ ಕೆಂಪಿನಲ್ಲಿ, ಹಸಿಯಾಗಿಯೇ ಬಿಟ್ಟು ಬಂದ ಎರಡು ಅಕ್ಷರ.

ನಿಮ್ಮಲ್ಲಿ ಆ ಕಡೆಯವರು ಇದ್ದೀರಿ. ನನಗೆ ಗೊತ್ತು, ಪತ್ರ ಬರೆಯುತ್ತೀರಿ. (ಹೆಚ್ಚಾಗಿ ನನ್ನ ತಪ್ಪು ತೋರಿಸಲು.) ಈ ಸಲವೂ ತೋರಿಸಿ. ಆ ಮನೆಯಲ್ಲಿ ಕಟ್ಟಿಗೆ ತುಂಬಿದ್ದೆವು, ಮನುಷ್ಯರಿರಲಿಲ್ಲ ಎಂದು ಬರೆಯಿರಿ. ಅಲ್ಲಿದ್ದದ್ದು ನಮ್ಮ ಅಜ್ಜಿ, ಮರುದಿನ ಬೆಳಿಗ್ಗೆ ಎತ್ತಿನ ಗಾಡಿಯಲ್ಲಿ ಕೂರಿಸಿಕೊಂಡು ಹೋದೆವು, ಆಮೇಲೆ ಮೊಮ್ಮಕ್ಕಳ ಮದುವೆ ನೋಡಿದಳು ಎಂದು ಬರೆಯಿರಿ. ನಿಜವಾಗಿದ್ದರೆ ಮಾತ್ರ. ಸಮಾಧಾನದ ಕಥೆ ನಮ್ಮ ಮನೆಯಲ್ಲಿ ಒಂದು ಆಗಲೇ ಇದೆ.

ನಿಜವಾಗಿಯೂ ಗೊತ್ತಿದ್ದವರು ಹೇಳಿ: ಆ ಬಾಗಿಲಿಗೆ ಒಳಗಿನಿಂದ ಅಗಳಿ ಹಾಕಿಕೊಂಡಿದ್ದವರ ಹೆಸರೇನು?